ಓಲ್ಗಾಳ ಗಂಡ

ರಷ್ಯಾದ ಕೊನೆಯ ಝಾರ್ ಎರಡನೆಯ ನಿಕೊಲಾಯ್‌ನ ಕಿರಿಯ ತಂಗಿ ಓಲ್ಗಾ ಅಲೆಕ್ಸಾಂಡ್ರೊವ್ನಾಳ ಬಗ್ಗೆ ಎಲ್ಲಿ ಓದಿದರೂ ಕಥೆ ಒಂದೇ ವಾಕ್ಯಕ್ಕೆ ಬಂದು ನಿಲ್ಲುತ್ತದೆ. 900 ಕೋಣೆಗಳ ಗಾಚಿನಾ ಅರಮನೆಯಲ್ಲಿ ಬೆಳೆದವಳು ಟೊರಾಂಟೊದಲ್ಲಿ ಬ್ಯೂಟಿ ಪಾರ್ಲರ್ ಒಂದರ ಮಹಡಿಯ ಮೇಲೆ ಪ್ರಾಣ ಬಿಟ್ಟಳು. ವಾಕ್ಯದಲ್ಲಿ ಸುಳ್ಳಿಲ್ಲ. 1960ರ ನವೆಂಬರ್ 24ರಂದು ಆಕೆ ತೀರಿಕೊಂಡದ್ದು ಗೆರಾರ್ಡ್ ಸ್ಟ್ರೀಟ್ ಈಸ್ಟ್‌ನಲ್ಲಿ, ರಷ್ಯಾದಿಂದ ವಲಸೆ ಬಂದ ಗೆಳೆಯರ ಮನೆಯಲ್ಲಿ. ಆ ಮನೆ ಬ್ಯೂಟಿ ಪಾರ್ಲರ್‌ನ ಮೇಲಿತ್ತು ಎಂಬುದೂ ಹೌದು. ಆದರೂ ಅದನ್ನು ಓದಿದಾಗಲೆಲ್ಲ ನನಗೆ ಕಿರಿಕಿರಿಯಾಗುತ್ತದೆ. ಅಯ್ಯೋ ಪಾಪ ಎನ್ನಿಸುವುದಕ್ಕೆಂದೇ ಇಟ್ಟ ವಾಕ್ಯ ಅದು. ಮೇಲಿನಿಂದ ಕೆಳಕ್ಕೆ ಬಿದ್ದವಳ ಕಥೆ ಹೇಳುತ್ತಿದ್ದೇವೆ ಎಂದು ಬರೆಯುವವರು ಮೊದಲೇ ತೀರ್ಮಾನಿಸಿಕೊಂಡಿರುತ್ತಾರೆ, ಹಾಗೆ ತೀರ್ಮಾನಿಸಿದ ಮೇಲೆ ಬೀಳುವುದಕ್ಕೆ ಒಂದು ಮೊದಲ ಮೆಟ್ಟಿಲು ಬೇಕಾಗುತ್ತದೆ. ಆ ಮೆಟ್ಟಿಲು ಯಾವುದೆಂದರೆ ಅವಳ ಎರಡನೆಯ ಮದುವೆ. ರಾಜವಂಶಕ್ಕೆ ಸೇರದ ಒಬ್ಬ ಸೈನ್ಯಾಧಿಕಾರಿಯನ್ನು ಕಟ್ಟಿಕೊಂಡಳು, ಅಲ್ಲಿಂದ ಶುರುವಾಯಿತು ಎನ್ನುವಂತೆ.

ರಾಜಕುಮಾರ ಬಡವರ ಮನೆಯ ಹುಡುಗಿಯನ್ನು ಮೆಚ್ಚಿದರೆ ಅವಳು ಮೇಲೇರುತ್ತಾಳೆ. ರಾಜಕುಮಾರಿ ಬಡವರ ಮನೆಯ ಹುಡುಗನನ್ನು ಮೆಚ್ಚಿದರೆ ಅವನು ಮೇಲೇರಿದನೋ ಇವಳು ಕೆಳಗಿಳಿದಳೋ ಎಂಬುದು ಹೇಳುವವರ ಮನಸ್ಸಿನ ಮೇಲಿದೆ. ನಮ್ಮ ಜನಪದ ಕಥೆಗಳು ಈ ತಂಟೆಗೇ ಹೋಗುವುದಿಲ್ಲ. ಅರ್ಧ ರಾಜ್ಯವನ್ನೂ ಮಗಳನ್ನೂ ಕೊಟ್ಟು ಅಲ್ಲಿಗೆ ಮುಗಿಸಿಬಿಡುತ್ತವೆ. ಅರ್ಧ ರಾಜ್ಯ ಸಿಕ್ಕವನು ಮರುದಿನ ಬೆಳಿಗ್ಗೆ ಅತ್ತೆಯ ಎದುರು ಎಲ್ಲಿ ಕುಳಿತ, ಯಾರು ಅವನಿಗೆ ಬಡಿಸಿದರು, ಅವನನ್ನು ಏನೆಂದು ಕರೆದರು ಎಂಬುದನ್ನು ಯಾವ ಅಜ್ಜಿಯೂ ಹೇಳಿದ್ದಿಲ್ಲ. ಓಲ್ಗಾಳ ವಿಷಯದಲ್ಲಿ ನನ್ನ ತಲೆ ಕೊರೆಯುತ್ತಿರುವುದು ಅದೇ. ಅವಳೇನು ಕಳೆದುಕೊಂಡಳು ಎನ್ನುವುದಕ್ಕಿಂತ ಅವನು ಎಲ್ಲಿ ಕುಳಿತ ಎಂಬುದು.

ಒಂದೇ ಮನೆಯಲ್ಲಿ ಮೂವರು

ಮೊದಲ ಮದುವೆಯಿಂದಲೇ ಹೇಳಬೇಕು, ಏಕೆಂದರೆ 'ಸರಿಜೋಡಿ' ಎಂದು ಎಲ್ಲರೂ ಒಪ್ಪಿದ ಮದುವೆ ಅದು. 1901ರಲ್ಲಿ, 19ರ ಓಲ್ಗಾಳನ್ನು ಅವಳಿಗಿಂತ 14 ವರ್ಷ ದೊಡ್ಡವನಾದ ಓಲ್ಡನ್‌ಬರ್ಗಿನ ಡ್ಯೂಕ್ ಪೀಟರ್‌ಗೆ ಕೊಟ್ಟರು. ವಂಶ, ಅಂತಸ್ತು, ಧರ್ಮ ಎಲ್ಲ ಹೊಂದಿಕೆಯಾಗಿತ್ತು. ಅವನಿಗೆ ಜೂಜು ಮತ್ತು ಇಸ್ಪೀಟಿನ ಹುಚ್ಚು. ಹೆಂಗಸರಲ್ಲಿ ಆಸಕ್ತಿಯಿರಲಿಲ್ಲ ಎಂಬುದು ಸುತ್ತಲಿನವರಿಗೆಲ್ಲ ಗೊತ್ತಿದ್ದ ಗುಟ್ಟು. ಮದುವೆಯ ರಾತ್ರಿ ಅವಳನ್ನು ಅಳುತ್ತ ಕೂರಲು ಬಿಟ್ಟು ಜೂಜಿನ ಕ್ಲಬ್ಬಿಗೆ ಹೋದವನು ಬೆಳಿಗ್ಗೆ ವಾಪಸಾದ. ಆ ಮದುವೆ ಹೆಸರಿಗಷ್ಟೇ ಮದುವೆಯಾಗಿ ಉಳಿಯಿತು. ಅವಳಿಗೆ ಮಾನಸಿಕವಾಗಿ ಎಷ್ಟು ಪೆಟ್ಟು ಬಿತ್ತೆಂದರೆ ತಲೆಗೂದಲು ಉದುರಿ ಕೆಲವು ಕಾಲ ವಿಗ್ ಹಾಕಿಕೊಳ್ಳಬೇಕಾಯಿತು. ಪೀಟರ್ ಕೆಟ್ಟವನೆಂದು ನನಗೆ ಅನ್ನಿಸುವುದಿಲ್ಲ. ಅವನನ್ನೂ ಯಾರೂ ಕೇಳಿರಲಿಲ್ಲ.

ಎರಡು ವರ್ಷದ ಬಳಿಕ, 1903ರ ಏಪ್ರಿಲ್. ಪಾವ್ಲೊವ್ಸ್ಕ್ ಅರಮನೆಯ ಬಳಿ ಸೈನ್ಯದ ಕವಾಯತು ನಡೆಯುತ್ತಿದೆ. ಓಲ್ಗಾಳ ಕಣ್ಣು ನೀಲಿ ಕ್ಯೂರಾಸಿಯರ್ ಎಂಬ ಕುದುರೆ ಸವಾರರ ದಳದ ಒಬ್ಬ ಎತ್ತರದ ಅಧಿಕಾರಿಯ ಮೇಲೆ ಬೀಳುತ್ತದೆ. ಅವನ ಹೆಸರು ನಿಕೊಲಾಯ್ ಕುಲಿಕೋವ್ಸ್ಕಿ. ಅವನಿಗೆ 21, ಅವಳಿಗೆ ಇನ್ನೂ 21 ತುಂಬಿಲ್ಲ. ಪರಿಚಯ ಮಾಡಿಸಿದವನು ಅವಳ ಅಣ್ಣ ಮಿಖಾಯಿಲ್. ಕೆಲವೇ ದಿನಗಳಲ್ಲಿ ಅವಳು ಸುತ್ತು ಬಳಸದೆ ಗಂಡನ ಬಳಿ ಹೋಗಿ ವಿಚ್ಛೇದನ ಕೇಳುತ್ತಾಳೆ. ಗಂಡ ಕೋಪಿಸಿಕೊಳ್ಳಲಿಲ್ಲ. ಈಗ ಆಗದು, ಏಳು ವರ್ಷ ಕಳೆಯಲಿ, ಆಮೇಲೆ ಯೋಚಿಸೋಣ ಎಂದ. ಅಷ್ಟೇ ಅಲ್ಲ, ಕುಲಿಕೋವ್ಸ್ಕಿಯನ್ನು ತನ್ನ ಆಪ್ತ ಸಹಾಯಕ ಸೈನ್ಯಾಧಿಕಾರಿಯಾಗಿ ನೇಮಿಸಿಕೊಂಡು ಪೀಟರ್ಸ್‌ಬರ್ಗಿನ ತನ್ನ ಮನೆಯಲ್ಲೇ ಇರಲು ಬಿಟ್ಟ. ಹೀಗೆ ಒಂದೇ ಸೂರಿನಡಿ ಗಂಡ, ಹೆಂಡತಿ ಮತ್ತು ಹೆಂಡತಿ ಪ್ರೀತಿಸುವವನು.

ಇದನ್ನು ಔದಾರ್ಯವೆನ್ನಬೇಕೋ ಜಾಣತನವೆನ್ನಬೇಕೋ ತಿಳಿಯದು. ಎರಡೂ ಇರಬಹುದು; ಹಗರಣವಾಗುವುದು ತಪ್ಪಿತು, ಅವಳು ಅಳುವುದೂ ನಿಂತಿತು. ಏಳು ವರ್ಷ ಎಂದದ್ದು ಹದಿಮೂರಾಯಿತು. ಆ ಹದಿಮೂರು ವರ್ಷ ಕುಲಿಕೋವ್ಸ್ಕಿ ಏನಾಗಿದ್ದ ಎಂಬುದನ್ನು ಯೋಚಿಸಿ ನೋಡಿ. ಯಜಮಾನನ ನೌಕರ, ಯಜಮಾನಿಯ ಪ್ರಿಯಕರ. ಪೇಟೆಗೆಲ್ಲ ಗೊತ್ತು, ಬಾಯಿ ಬಿಟ್ಟು ಹೇಳುವವರಿಲ್ಲ. ಅವನೇನೂ ಬೀದಿಯಿಂದ ಬಂದವನಲ್ಲ. ವೊರೊನೆಜ್ ಪ್ರಾಂತದ ಜಮೀನ್ದಾರ ಸೈನಿಕ ಮನೆತನ, ತಾತ ನೆಪೋಲಿಯನ್ ಕಾಲದ ಯುದ್ಧಗಳಲ್ಲಿ ಜನರಲ್ ಆಗಿದ್ದವರು. ಆದರೆ ಝಾರ್‌ಗಳ ರೊಮಾನೊವ್ ಮನೆತನದ ನಿಯಮದಲ್ಲಿ ಅದ್ಯಾವುದೂ ಲೆಕ್ಕಕ್ಕಿಲ್ಲ. ಆಳುವ ಮನೆತನದಲ್ಲಿ ಹುಟ್ಟದವರೆಲ್ಲ ಸಾಮಾನ್ಯರು. 1820ರ ಕಟ್ಟಳೆಯ ಪ್ರಕಾರ, ಅಂಥವರನ್ನು ಮದುವೆಯಾದರೆ ಸಂಗಾತಿಗೂ ಹುಟ್ಟುವ ಮಕ್ಕಳಿಗೂ ರಾಜವಂಶದ ಯಾವ ಹಕ್ಕೂ ದಾಟುತ್ತಿರಲಿಲ್ಲ. ಪರಿಚಯ ಮಾಡಿಸಿದ ಮಿಖಾಯಿಲ್ ತಾನೇ ಆ ಕಟ್ಟಳೆಗೆ ತಲೆ ಕೊಟ್ಟ. ಎರಡು ಬಾರಿ ವಿಚ್ಛೇದನವಾಗಿದ್ದ ನತಾಲ್ಯಾಳನ್ನು 1912ರಲ್ಲಿ ವಿಯೆನ್ನಾದಲ್ಲಿ ಗುಟ್ಟಾಗಿ ಮದುವೆಯಾದ. ಅಣ್ಣ ಝಾರ್ ಅವನಿಗೆ ದೇಶದ ಬಾಗಿಲು ಮುಚ್ಚಿ ಆಸ್ತಿಯನ್ನು ಬೇರೆಯವರ ಉಸ್ತುವಾರಿಗೆ ವಹಿಸಿದ. ತಂಗಿ ಕಾದಳು. ಕಾಯುವುದು ಆಕೆಯ ಸ್ವಭಾವವೋ, ಅಣ್ಣನ ಗತಿ ನೋಡಿ ಕಲಿತದ್ದೋ.

ಅವಳ ಕಾಯುವಿಕೆಗೆ ಕೊನೆ ಹಾಡಿದ್ದು ಮಹಾಯುದ್ಧ. ಕುಲಿಕೋವ್ಸ್ಕಿ ರಣರಂಗಕ್ಕೆ ಹೋದ. ಓಲ್ಗಾ ದಾದಿಯಾಗಿ ಮೊದಲು ರೊವ್ನೊದಲ್ಲಿ, ಆಮೇಲೆ ಕೀವ್‌ನಲ್ಲಿ ಗಾಯಾಳುಗಳ ಸೇವೆಗೆ ನಿಂತಳು. ಸುಮ್ಮನೆ ಬಿಳಿ ಬಟ್ಟೆ ತೊಟ್ಟು ಫೋಟೊಗೆ ನಿಂತವಳಲ್ಲ. ತನ್ನ ಎಸ್ಟೇಟಿನ ಹಳ್ಳಿಯಲ್ಲಿ ವೈದ್ಯರ ಜೊತೆ ಇದ್ದು ಕೆಲಸ ಕಲಿತಿದ್ದವಳು. 1916ರಲ್ಲಿ ಝಾರ್ ಕೊನೆಗೂ ಮೊದಲ ಮದುವೆಯನ್ನು ರದ್ದು ಮಾಡಿದ. ನವೆಂಬರ್‌ನಲ್ಲಿ ಕೀವ್‌ನ ಒಂದು ಚರ್ಚಿನಲ್ಲಿ ಮದುವೆ. ಬಂದವರು ತಾಯಿ, ಭಾವ ಅಲೆಕ್ಸಾಂಡರ್, ಯುದ್ಧದಲ್ಲಿ ಕುಲಿಕೋವ್ಸ್ಕಿ ಇದ್ದ ಅಖ್ತಿರ್ಸ್ಕಿ ದಳದ ನಾಲ್ಕು ಅಧಿಕಾರಿಗಳು, ಆಸ್ಪತ್ರೆಯ ಇಬ್ಬರು ದಾದಿಯರು. ಇಷ್ಟೇ ಜನ. ನಮ್ಮ ಕಡೆ ರಿಜಿಸ್ಟ್ರಾರ್ ಕಚೇರಿಯ ಮದುವೆಗೂ ಇದಕ್ಕಿಂತ ಹೆಚ್ಚು ಮಂದಿ ಬರುತ್ತಾರೆ. ಅದಾಗಿ ನಾಲ್ಕು ತಿಂಗಳಿಗೆ ಸಾಮ್ರಾಜ್ಯವೇ ಉರುಳಿತು.

ನಾಗರಿಕನ ಹೆಂಡತಿ

ಇಲ್ಲಿ ನನ್ನ ಕಿರಿಕಿರಿಗೆ ಕಾರಣ ಸಿಗುತ್ತದೆ. ಅವಳಿಂದ ಅರಮನೆ ಕಸಿದುಕೊಂಡದ್ದು ಆ ಮದುವೆಯಲ್ಲ, ಕ್ರಾಂತಿ. ತಮಗೆ ಸಮನಾದವರನ್ನೇ ಕಟ್ಟಿಕೊಂಡಿದ್ದ ರೊಮಾನೊವ್‌ಗಳೂ ಅರಮನೆ ಕಳೆದುಕೊಂಡರು, ಹಲವರು ಪ್ರಾಣವನ್ನೂ. ಮದುವೆ ಮಾಡಿದ್ದು ಬೇರೆಯದನ್ನೇ.

ಕ್ರಾಂತಿಯಾದ ಮೇಲೆ ಓಲ್ಗಾ, ಗಂಡ, ತಾಯಿ, ಅಕ್ಕ ಕ್ಸೇನಿಯಾಳ ಕುಟುಂಬ ಎಲ್ಲರೂ ಕ್ರಿಮಿಯಾಕ್ಕೆ ಬಂದು ಯಾಲ್ಟಾ ಹತ್ತಿರದ ಆಯ್-ತೊದೊರ್ ಎಂಬ ಎಸ್ಟೇಟಿನಲ್ಲಿ ಗೃಹಬಂಧನದಲ್ಲಿದ್ದರು. ಅಲ್ಲಿಯೇ 1917ರ ಆಗಸ್ಟ್‌ನಲ್ಲಿ ಮೊದಲ ಮಗ ತೀಖೊನ್ ಹುಟ್ಟಿದ. 1918ರ ಆರಂಭದಲ್ಲಿ ಬೊಲ್ಷೆವಿಕರು ಬಂಧಿತ ರೊಮಾನೊವ್‌ಗಳಲ್ಲಿ ಹೆಚ್ಚಿನವರನ್ನು ದುಲ್ಬೆರ್ ಎಂಬ ಇನ್ನೊಂದು ಎಸ್ಟೇಟಿಗೆ ಸಾಗಿಸಿದರು. ಓಲ್ಗಾಳನ್ನು ಕರೆದೊಯ್ಯಲಿಲ್ಲ. ಸಾಮಾನ್ಯನೊಬ್ಬನ ಹೆಂಡತಿಯಾದ್ದರಿಂದ ಅವಳು ಅವರ ಲೆಕ್ಕದಲ್ಲಿ ರೊಮಾನೊವ್ ಆಗಿರಲಿಲ್ಲ. ಝಾರ್‌ನ ಸ್ವಂತ ತಂಗಿ, ಅಪ್ಪ ಸಿಂಹಾಸನದ ಮೇಲಿದ್ದಾಗ ಹುಟ್ಟಿದ ಏಕೈಕ ಕೂಸು, ಈಗ ನಾಗರಿಕ ಕುಲಿಕೋವ್ಸ್ಕಿಯ ಪತ್ನಿ. ಅಪ್ಪ ಮೂರನೆಯ ಅಲೆಕ್ಸಾಂಡರ್‌ನ ವಂಶ ಯಾವುದನ್ನು ಕಳಂಕವೆಂದಿತ್ತೋ, ಆ ವಂಶವನ್ನು ಮುಗಿಸಲು ಹೊರಟವರೂ ಅದನ್ನೇ ಒಪ್ಪಿಕೊಂಡರು. ರಾಜವಂಶದ ಕಟ್ಟಳೆ ಮತ್ತು ಕ್ರಾಂತಿಯ ಸಮಿತಿ ಒಂದೇ ಮಾತಾಡಿದ ಅಪರೂಪದ ಸಂದರ್ಭ ಇದು. ಇದರಿಂದಲೇ ಅವಳ ಜೀವ ಉಳಿಯಿತು ಎಂದು ಹೇಳಿದರೆ ಕಥೆ ಚೆನ್ನಾಗಿರುತ್ತಿತ್ತು, ಆದರೆ ಹಾಗಲ್ಲ. ಯಾಲ್ಟಾದ ಸೋವಿಯತ್, ಅಂದರೆ ಅಲ್ಲಿನ ಕ್ರಾಂತಿಯ ಸಮಿತಿ, ಇವರನ್ನೆಲ್ಲ ಕೊಲ್ಲಬೇಕೆಂದರೂ ಸೆವಸ್ತೊಪೊಲ್‌ನ ಸೋವಿಯತ್‌ನೊಂದಿಗಿನ ಜಗಳದಲ್ಲಿ ಅದು ನಿಂತುಹೋಯಿತು. ಅಷ್ಟರಲ್ಲಿ ಜರ್ಮನ್ ಸೇನೆ ಬಂತು. ದುಲ್ಬೆರ್‌ನಲ್ಲಿದ್ದವರೂ ಬದುಕಿದರು. ಅಣ್ಣಂದಿರು ಬದುಕಲಿಲ್ಲ. ಮಿಖಾಯಿಲ್‌ನನ್ನು ಜೂನ್‌ನಲ್ಲಿ ಪೆರ್ಮ್ ಬಳಿ ಕೊಂದರು, ಝಾರ್‌ನನ್ನೂ ಅವನ ಇಡೀ ಕುಟುಂಬವನ್ನೂ ಜುಲೈನಲ್ಲಿ ಯೆಕತೆರಿನ್‌ಬರ್ಗ್‌ನಲ್ಲಿ.

ಮುಂದಿನದು ಇನ್ನೂ ವಿಚಿತ್ರ. ತಾಯಿ ಮತ್ತು ಅಕ್ಕ 1919ರ ಏಪ್ರಿಲ್‌ನಲ್ಲಿ ಬ್ರಿಟಿಷ್ ಯುದ್ಧನೌಕೆ ಏರಿ ಹೊರಟರು. ಓಲ್ಗಾ ಹೋಗಲಿಲ್ಲ. ಗಂಡನೂ ಅವಳೂ ರಷ್ಯಾ ಬಿಡುವುದಿಲ್ಲವೆಂದು ಕುಬಾನ್ ಪ್ರಾಂತದ ನೊವೊಮಿನ್ಸ್ಕಾಯಾ ಎಂಬ ಕೊಸಾಕ್ ಹಳ್ಳಿಗೆ ಹೋಗಿ ನೆಲೆಸಿದ್ದರು; ತಾಯಿಯ ಅಂಗರಕ್ಷಕನಾಗಿದ್ದ ಕೊಸಾಕ್ ಒಬ್ಬನ ಊರದು. ಅಲ್ಲಿನ ಒಂದು ತೋಟದ ಮನೆಯಲ್ಲಿ ಎರಡನೆಯ ಮಗ ಗುರಿ ಹುಟ್ಟಿದ. ಗದ್ದೆ ಕೆಲಸ, ಮನೆ ಕೆಲಸ ಎಲ್ಲ ಅಲ್ಲಿ ಶುರುವಾಯಿತು. ಕೆಂಪು ಸೇನೆ ಹತ್ತಿರ ಬಂದಾಗ ಎರಡು ಚಿಕ್ಕ ಮಕ್ಕಳನ್ನು ಕಟ್ಟಿಕೊಂಡು ನೊವೊರೊಸೀಸ್ಕ್‌ಗೆ ಓಡಿ, ಅಲ್ಲಿಂದ ಇಸ್ತಾನ್‌ಬುಲ್ ಬಳಿಯ ಬ್ಯುಯುಕಾದಾ ದ್ವೀಪದ ನಿರಾಶ್ರಿತರ ಶಿಬಿರಕ್ಕೆ ಸೇರಿದರು. ಮೂರು ಕೋಣೆಗಳಲ್ಲಿ ಇವರ ಜೊತೆ ಇನ್ನೂ ಹನ್ನೊಂದು ಜನ. ನಂತರ ಬೆಲ್‌ಗ್ರೇಡ್. ಅಲ್ಲಿಯೇ ಇರಿ ಎಂದು ಮುಂದೆ ಯುಗೊಸ್ಲಾವಿಯದ ದೊರೆಯಾದ ಅಲೆಕ್ಸಾಂಡರ್ ಹೇಳಿದನಂತೆ. ಆದರೆ ಡೆನ್ಮಾರ್ಕಿನಿಂದ ತಾಯಿಯ ಕರೆ ಬಂತು. 1920ರ ಗುಡ್ ಫ್ರೈಡೆಯಂದು ಕೋಪನ್‌ಹೇಗನ್ ಮುಟ್ಟಿದರು.

ಮನೆ ಅಳಿಯ

ತಾಯಿ ಮರಿಯಾ ಫ್ಯೊದೊರೊವ್ನಾ ಹುಟ್ಟಿನಿಂದ ಡೆನ್ಮಾರ್ಕಿನ ರಾಜಕುಮಾರಿ. ಸಾಮ್ರಾಜ್ಯ ಹೋಗಿತ್ತು, ಗತ್ತು ಹೋಗಿರಲಿಲ್ಲ. ಮೊದಲು ಇದ್ದದ್ದು ಅಮಾಲಿಯೆನ್‌ಬೋರ್ಗ್ ಅರಮನೆಯಲ್ಲಿ. ಅಲ್ಲಿನ ರಾಜ, ಆಕೆಯ ಅಣ್ಣನ ಮಗ, ಕರೆಂಟು ಬಿಲ್ಲು ಹೆಚ್ಚಾಯಿತು, ದೀಪ ಆರಿಸಿ ಎಂದು ಆಳಿನ ಮೂಲಕ ಹೇಳಿ ಕಳಿಸಿದರೆ, ಮುದುಕಿ ಮನೆಯ ದೀಪಗಳನ್ನೆಲ್ಲ ಹಚ್ಚಿಸಿದಳಂತೆ. ಆಮೇಲೆ ಸಮುದ್ರದ ಬದಿಯ ಹ್ವಿದೋರ್ ಬಂಗಲೆಗೆ ಹೋದರು. ಓಲ್ಗಾ ತಾಯಿಯ ಕಾರ್ಯದರ್ಶಿ, ಒಡನಾಡಿ, ಕೂಗಿದಾಗ ಓಡಿಬರಬೇಕಾದವಳು. ಮೊಮ್ಮಕ್ಕಳ ಗಲಾಟೆ ಅಜ್ಜಿಗೆ ಸಹಿಸದು. ಅಳಿಯನ ಮುಖವಂತೂ ಬೇಡವೇ ಬೇಡ. ಕೀವ್‌ನ ಮದುವೆಗೆ ಬಂದು ನಿಂತವಳೇ ಆದರೂ ಮಗಳು ಸಾಮಾನ್ಯನೊಬ್ಬನನ್ನು ಕಟ್ಟಿಕೊಂಡದ್ದನ್ನು ಕೊನೆಯವರೆಗೂ ಒಪ್ಪಲಿಲ್ಲ. ಅವನನ್ನು ತನ್ನೆದುರು ಬರಗೊಟ್ಟದ್ದೇ ಅಪರೂಪ. ಔತಣ, ಸಮಾರಂಭಗಳಿಗೆ ಓಲ್ಗಾ ತಾಯಿಯೊಂದಿಗೆ ಒಬ್ಬಳೇ ಹೋಗಬೇಕಿತ್ತು. ಇದು ಒಂದು ವಾರ, ಒಂದು ತಿಂಗಳಲ್ಲ, ಮುದುಕಿ 1928ರಲ್ಲಿ ತೀರಿಕೊಳ್ಳುವವರೆಗೆ, ಎಂಟು ವರ್ಷ.

ಇದನ್ನು ಓದುವಾಗ ನನಗೆ ದೊಡ್ಡಪ್ಪ ನೆನಪಾಗುತ್ತಾರೆ. ಅಮ್ಮನ ಅಕ್ಕನ ಗಂಡ. ಮಲೆನಾಡಿನ ನಮ್ಮ ಅಜ್ಜನ ಮನೆಗೆ ಮನೆ ಅಳಿಯನಾಗಿ ಬಂದವರು. ಗಂಡು ಮಕ್ಕಳಿಲ್ಲದ ಮನೆ, ತೋಟ ನೋಡಿಕೊಳ್ಳಲು ಜನ ಬೇಕಿತ್ತು, ಬಂದರು. ಅಡಿಕೆ ಕೊಯ್ಲಿನಿಂದ ಹಿಡಿದು ಮಂಡಿಯ ಲೆಕ್ಕದವರೆಗೆ ಎಲ್ಲವೂ ಅವರದೇ. ಯಾವ ಮರಕ್ಕೆ ಕೊಳೆ ಬಂದಿದೆ ಎಂದು ಜಗಲಿಯಲ್ಲಿ ಕುಳಿತೇ ಹೇಳುತ್ತಿದ್ದರು. ಆದರೆ ನೆಂಟರು ಬಂದಾಗ ಅಜ್ಜಿ ಅವರನ್ನು ಪರಿಚಯಿಸುತ್ತಿದ್ದ ರೀತಿ ನನಗೆ ಇವತ್ತಿಗೂ ಕಿವಿಯಲ್ಲಿದೆ. 'ಇವರು ನಮ್ಮ ಹುಡುಗಿಯ ಯಜಮಾನರು' ಎನ್ನುತ್ತಿದ್ದರು. ಹೆಸರು ಹೇಳುತ್ತಿರಲಿಲ್ಲ, 'ಅಳಿಯಂದಿರು' ಎಂದೂ ಅಲ್ಲ. ಹಬ್ಬದ ದಿನ ಮೊದಲ ಪಂಕ್ತಿಯಲ್ಲಿ ಅವರಿಗೆ ಎಲೆ ಹಾಕುತ್ತಿದ್ದರು, ಅದರಲ್ಲಿ ಲೋಪವಿರಲಿಲ್ಲ, ಆದರೆ ಎಲೆ ಹಾಕಿದ ಮೇಲೆಯೂ ಅವರು 'ಕೂರಲಾ?' ಎಂಬಂತೆ ಒಮ್ಮೆ ಅಡುಗೆಮನೆಯ ಬಾಗಿಲತ್ತ ನೋಡಿಯೇ ಕೂರುತ್ತಿದ್ದರು. ದೊಡ್ಡಮ್ಮ ಅದನ್ನು ನೋಡಿದರೂ ನೋಡದಂತೆ ಪಾಯಸದ ಪಾತ್ರೆ ಎತ್ತಿಕೊಳ್ಳುತ್ತಿದ್ದಳು. ಒಮ್ಮೆ ನಾನು, ನೀವ್ಯಾಕೆ ನಿಮ್ಮ ಊರಿಗೆ ಹೋಗುವುದಿಲ್ಲ ಎಂದು ಕೇಳಿದ್ದೆ. ಅವರು ಅಡಿಕೆ ಕತ್ತರಿಸುವುದನ್ನು ನಿಲ್ಲಿಸದೆ, 'ಇಲ್ಲಿ ಕೆಲಸ ಉಂಟಲ್ಲ' ಎಂದರು.

ಕುಲಿಕೋವ್ಸ್ಕಿಗೆ ಹ್ವಿದೋರ್‌ನಲ್ಲಿ ತೋಟವೂ ಇರಲಿಲ್ಲ. ಕುದುರೆ ಸವಾರ, ಯುದ್ಧ ಕಂಡ ಕರ್ನಲ್, ತನ್ನದಲ್ಲದ ಭಾಷೆಯ ಊರಿನಲ್ಲಿ ಅತ್ತೆಯ ಹಂಗಿನ ಮನೆಯ ಇನ್ನೊಂದು ಕೋಣೆಯಲ್ಲಿ. ಹೊರಗಿನವರು ಬರೆಯುವುದೆಲ್ಲ ಓಲ್ಗಾಳ ಬಗ್ಗೆ. 1925ರಲ್ಲಿ ಬರ್ಲಿನ್‌ನಲ್ಲಿ ತಾನೇ ಝಾರ್‌ನ ಮಗಳು ಅನಸ್ತಾಸಿಯಾ ಎಂದು ಹೇಳಿಕೊಂಡ ಹೆಂಗಸನ್ನು ನೋಡಲು ಅವಳು ಹೋದದ್ದರ ಮೇಲೆ ಎಷ್ಟು ಪುಟ ಬರೆದಿದ್ದಾರೆಂದರೆ, ಬಹಳ ಜನರಿಗೆ ಓಲ್ಗಾ ಗೊತ್ತಿರುವುದೇ ಆ ಕಾರಣಕ್ಕೆ. ಆ ಪ್ರಯಾಣದಲ್ಲಿ ಗಂಡನೂ ಜೊತೆಗಿದ್ದ. ಅವನಿಗೇನನ್ನಿಸಿತು ಎಂದು ಕೇಳಿದವರು ಕಡಿಮೆ.

ಅತ್ತೆ ಹೋದ ಮೇಲೆ ಹ್ವಿದೋರ್ ಮಾರಾಟವಾಯಿತು. ಓಲ್ಗಾಳ ಪಾಲಿನ ಹಣದಲ್ಲಿ ಕೋಪನ್‌ಹೇಗನ್ ಹೊರವಲಯದ ಬಾಲ್ಲೆರುಪ್‌ನಲ್ಲಿ ಕ್ನುದ್ಸ್‌ಮಿಂದೆ ಎಂಬ ತೋಟದ ಮನೆಯನ್ನು ಕೊಂಡರು. ಕುದುರೆಗಳು, ಜರ್ಸಿ ಹಸುಗಳು, ಹಂದಿ, ಕೋಳಿ, ಬಾತು, ನಾಯಿ, ಬೆಕ್ಕು. ಒಂದು ಚಿಕ್ಕ ಕಾರು, ಹಿಮ ಬಿದ್ದಾಗ ಓಡಾಡಲು ಒಂದು ಜಾರುಬಂಡಿ. ಕುಲಿಕೋವ್ಸ್ಕಿಯ ಜೀವ ಕುದುರೆಗಳ ಮೇಲೆ. ಓಲ್ಗಾ ಹೊಲದಲ್ಲಿ ದುಡಿದು, ಮನೆ ನಡೆಸಿ, ಉಳಿದ ಹೊತ್ತಿನಲ್ಲಿ ಚಿತ್ರ ಬರೆಯುತ್ತಿದ್ದಳು. ಜೀವಮಾನದಲ್ಲಿ 2000ಕ್ಕೂ ಹೆಚ್ಚು ಚಿತ್ರ ಬರೆದಿದ್ದಾಳೆ. ಹೂವು, ಹಿಮದ ಹಾದಿ, ಸಮೋವಾರ್ ಇಟ್ಟ ಮೇಜು. ಮಾರಾಟವೂ ಆಗುತ್ತಿದ್ದವು, ಅದರ ಹಣ ಮನೆಖರ್ಚಿಗೂ ಬಡ ವಲಸಿಗರಿಗೂ ಹೋಗುತ್ತಿತ್ತು. ಗಂಡಹೆಂಡತಿ ಇಬ್ಬರೂ ತಮ್ಮದೇ ಮನೆಯ ಮೇಜಿಗೆ ಒಟ್ಟಿಗೆ ಕುಳಿತದ್ದು, ನನ್ನ ಲೆಕ್ಕದಲ್ಲಿ, ಕುಬಾನ್ ಬಿಟ್ಟ ಮೇಲೆ ಇಲ್ಲಿಯೇ ಮೊದಲು. ಬರೆಯುವವರು ಇದನ್ನೂ ಇಳಿಜಾರಿನಲ್ಲೇ ಸೇರಿಸುತ್ತಾರೆ.

ಎರಡನೆಯ ಮಹಾಯುದ್ಧ ಮುಗಿದಾಗ ಸ್ಟಾಲಿನ್ನನ ಕೈ ಡೆನ್ಮಾರ್ಕಿನವರೆಗೂ ಚಾಚಬಹುದೆಂಬ ಭಯ. 1948ರಲ್ಲಿ ಗಂಡ, ಇಬ್ಬರು ಮಕ್ಕಳು, ಡೇನಿಷ್ ಸೊಸೆಯಂದಿರು, ಮೊಮ್ಮಕ್ಕಳು, ಜೊತೆಗೆ ದಶಕಗಳಿಂದ ಬಿಡದೆ ಇದ್ದ ಸೇವಕಿ ಮಿಮ್ಕಾ, ಎಲ್ಲರೂ ಕೃಷಿ ವಲಸಿಗರೆಂದು ಕೆನಡಾಕ್ಕೆ ಹಡಗು ಹತ್ತಿದರು. ಅಜ್ಜ ಅಜ್ಜಿಗೆ 66ರ ಆಸುಪಾಸು. ಒಂಟಾರಿಯೊದ ಕ್ಯಾಂಪ್‌ಬೆಲ್‌ವಿಲ್ ಹತ್ತಿರ 200 ಎಕರೆ ಜಮೀನು. ಮಕ್ಕಳು ಬೇರೆ ಹೋದರು, ಆಳು ಸಿಗಲಿಲ್ಲ, ಕುಲಿಕೋವ್ಸ್ಕಿಯ ಆರೋಗ್ಯ ಕೆಟ್ಟಿತು. 1952ರಲ್ಲಿ ಅದನ್ನು ಮಾರಿ ಕುಕ್ಸ್‌ವಿಲ್‌ನ ಐದು ಕೋಣೆಯ ಮನೆಗೆ ಬಂದರು. ಇವತ್ತು ಅದು ಮಿಸಿಸಾಗಾದ ಭಾಗ, ಕನ್ನಡ ಮಾತು ಬೀದಿಯಲ್ಲಿ ಕೇಳಿಬಂದರೆ ಯಾರೂ ತಿರುಗಿ ನೋಡದ ಊರು. 1959ರ ಆಗಸ್ಟ್‌ನಲ್ಲಿ ಆ ಪುಟ್ಟ ಮನೆಗೆ ಬಂದವರಲ್ಲಿ ನಮಗೆಲ್ಲ ಗೊತ್ತಿರುವ ಒಂದು ಜೋಡಿಯೂ ಇದೆ: ನಮ್ಮ ದೇಶದ ಕೊನೆಯ ವೈಸರಾಯ್ ಮೌಂಟ್‌ಬ್ಯಾಟನ್ ಮತ್ತು ಎಡ್ವಿನಾ. ಅದೇ ವರ್ಷದ ಜೂನ್‌ನಲ್ಲಿ ಇಂಗ್ಲೆಂಡಿನ ರಾಣಿ ತನ್ನ ಹಡಗಿಗೆ ಊಟಕ್ಕೆ ಕರೆದಿದ್ದಳು. ಆ ವೇಳೆಗೆ ಕುಲಿಕೋವ್ಸ್ಕಿ ಇರಲಿಲ್ಲ. ಹಿಂದಿನ ವರ್ಷದ ಆಗಸ್ಟ್‌ನಲ್ಲಿ ಹೋಗಿದ್ದ. ಹಾಗಾಗಿ ಈ ಔತಣಕ್ಕೂ ಅವಳು ಒಬ್ಬಳೇ.

ಬಡತನದ ಮಾತು

ಇನ್ನು ಪಾಪದ ರಾಜಕುಮಾರಿಯ ವಿಷಯ. ಅವಳು ಸತ್ತಾಗ ಬಿಟ್ಟುಹೋದದ್ದು ಎರಡು ಲಕ್ಷ ಕೆನಡಾ ಡಾಲರಿಗೂ ಹೆಚ್ಚು, ಹೆಚ್ಚಿನದೆಲ್ಲ ಷೇರು ಮತ್ತು ಬಾಂಡುಗಳಲ್ಲಿ. ಆ ಕಾಲಕ್ಕೆ ಅದು ದೊಡ್ಡ ಮೊತ್ತ. ಮನೆಯ ಸಾಮಾನು ಸರಂಜಾಮಿಗೆ ಕಟ್ಟಿದ ಬೆಲೆ ಮಾತ್ರ 350 ಡಾಲರ್. ಈ ಎರಡು ಅಂಕಿಗಳನ್ನು ಅಕ್ಕಪಕ್ಕ ಇಟ್ಟರೆ ಕಾಣುವವಳು ಬಿದ್ದವಳಲ್ಲ, ಕೊಳ್ಳುವುದು ಬೇಡವೆಂದು ಬಿಟ್ಟವಳು. ಸುತ್ತಿದ್ದ ಸಂಪತ್ತಿನ ನಡುವೆ ಅಪ್ಪ ಮೂರನೆಯ ಅಲೆಕ್ಸಾಂಡರ್ ಮಕ್ಕಳನ್ನು ಗಟ್ಟಿ ಹಾಸಿಗೆಯ ಸೈನಿಕ ಮಂಚದ ಮೇಲೆ ಮಲಗಿಸಿ, ತಣ್ಣೀರಿನಲ್ಲಿ ಮೀಯಿಸಿ ಬೆಳೆಸಿದ್ದ. ಗೆರಾರ್ಡ್ ಸ್ಟ್ರೀಟಿನ ಮನೆಗೆ ಅವಳು ಹೋದದ್ದು ಗತಿಯಿಲ್ಲದೆ ಅಲ್ಲ, ಒಂಟಿಯಾಗಿ ತನ್ನನ್ನು ತಾನು ನೋಡಿಕೊಳ್ಳಲಾಗದ ಕಾಯಿಲೆಯಲ್ಲಿ, ತನ್ನ ಭಾಷೆ ಆಡುವವರ ಜೊತೆ ಇರಲು. ಕೆಳಗೆ ಬ್ಯೂಟಿ ಪಾರ್ಲರ್ ಇದ್ದರೆ ಇರಲಿ.

ಪ್ರೀತಿಗಾಗಿ ಕೆಳಗಿಳಿದವರೆಲ್ಲ ಗೆದ್ದರು ಎಂದು ಹೇಳುವ ಆಸೆ ನನಗಿಲ್ಲ. ಜರ್ಮನಿಯ ಕೈಸರ್ ವಿಲ್ಹೆಲ್ಮ್‌ನ ತಂಗಿ ವಿಕ್ಟೋರಿಯಾ 1927ರಲ್ಲಿ, 61ರ ವಯಸ್ಸಿನಲ್ಲಿ, ತನಗಿಂತ ಮೂರು ದಶಕಕ್ಕೂ ಹೆಚ್ಚು ಚಿಕ್ಕವನಾದ ಜೂಬ್ಕೊವ್ ಎಂಬ ರಷ್ಯನ್ ವಲಸಿಗನನ್ನು ಮದುವೆಯಾದಳು. ಎರಡು ವರ್ಷದಲ್ಲಿ ಸಾಲ ಏರಿ ಅರಮನೆಯ ಸಾಮಾನು ಹರಾಜಾಯಿತು, ಅವಳೂ ಹೋದಳು. ಇನ್ನೊಂದು ಕಡೆ ನಾರ್ವೆಯ ರಾಗ್ನ್‌ಹಿಲ್ಡ್ 1953ರಲ್ಲಿ ಹಡಗು ಮಾಲೀಕರ ಮನೆಯ ಹುಡುಗನನ್ನು ಮದುವೆಯಾಗಿ ಬ್ರೆಜಿಲ್‌ಗೆ ಹೋಗಿ ತಣ್ಣಗೆ ಬಾಳಿದಳು. ಓಲ್ಗಾ ತೀರಿಕೊಂಡ ವರ್ಷವೇ, ಮೇ ತಿಂಗಳಲ್ಲಿ, ಇಂಗ್ಲೆಂಡಿನ ಮಾರ್ಗರೆಟ್ ಫೋಟೊಗ್ರಾಫರ್ ಆರ್ಮ್‌ಸ್ಟ್ರಾಂಗ್-ಜೋನ್ಸ್‌ನನ್ನು ವೆಸ್ಟ್‌ಮಿನ್‌ಸ್ಟರ್ ಅಬೆಯಲ್ಲಿ ವರಿಸಿದ್ದನ್ನು ಟಿವಿಯಲ್ಲಿ ಜಗತ್ತೇ ನೋಡಿತು. ಮರುವರ್ಷ ಗಂಡನಿಗೆ ಸ್ನೋಡನ್‌ನ ಅರ್ಲ್ ಎಂಬ ಬಿರುದು ಬಂತು. ಬಿರುದು ಕೊಟ್ಟು ಅಳಿಯನನ್ನು ಸರಿಹೊಂದಿಸಿಕೊಳ್ಳುವುದು ಇಂಗ್ಲೆಂಡಿನ ಜಾಣತನ. ಆ ಮದುವೆ 1978ರಲ್ಲಿ ಮುರಿಯಿತು. ಬಿರುದೇ ಇಲ್ಲದವನ ಮದುವೆ ಕುಲಿಕೋವ್ಸ್ಕಿ ಸಾಯುವವರೆಗೆ, ಸುಮಾರು 42 ವರ್ಷ ನಡೆದಿತ್ತು.

ಓಲ್ಗಾಳ ಶವಪೆಟ್ಟಿಗೆಗೆ ಟೊರಾಂಟೊದ ರಷ್ಯನ್ ಚರ್ಚಿನಲ್ಲಿ ಕಾವಲು ನಿಂತವರು ಅಖ್ತಿರ್ಸ್ಕಿ ದಳದ ಮುದಿ ಅಧಿಕಾರಿಗಳು. ಅವಳು ಆ ದಳದ ಗೌರವ ಮುಖ್ಯಸ್ಥೆ, ಗಂಡ ಅದೇ ದಳದಲ್ಲಿ ಹೋರಾಡಿದವನು. ಯಾರ್ಕ್ ಸಮಾಧಿಭೂಮಿಯಲ್ಲಿ ಅವನ ಪಕ್ಕದಲ್ಲೇ ಅವಳನ್ನು ಹೂಳಿದರು. ಅವಳ ಬದುಕಿನ ಬಗ್ಗೆ ಪುಸ್ತಕಗಳಿವೆ, ಚಿತ್ರಗಳ ಪ್ರದರ್ಶನಗಳಾಗಿವೆ. ಅವನು ಅವುಗಳಲ್ಲಿ ಫೋಟೊದ ಅಂಚಿನಲ್ಲಿ, ಅಡಿಬರಹದ ಎರಡನೆಯ ಹೆಸರಾಗಿ ಬರುತ್ತಾನೆ. ಯಾರಾದರೂ ಕುಲಿಕೋವ್ಸ್ಕಿಯ ಕಥೆಯನ್ನೇ ಬರೆದರೆ ಮೊದಲು ಕೊಂಡು ಓದುವವಳು ನಾನು. ಪಾವ್ಲೊವ್ಸ್ಕ್‌ನ ಕವಾಯತಿನಿಂದ ಶುರು ಮಾಡುವುದು ಬೇಡ, ಅದು ಅವಳ ಕಣ್ಣಿಗೆ ಕಂಡದ್ದು. ಹ್ವಿದೋರ್‌ನಿಂದ ಶುರುವಾಗಲಿ, ಅತ್ತೆಯೂ ಹೆಂಡತಿಯೂ ಔತಣಕ್ಕೆ ಹೊರಟ ಮೇಲೆ ಮಕ್ಕಳಿಬ್ಬರಿಗೆ ಅವನು ಏನು ಊಟ ಹಾಕುತ್ತಿದ್ದ, ಎಷ್ಟು ಹೊತ್ತಿಗೆ ಮಲಗಿಸುತ್ತಿದ್ದ ಎಂಬುದರಿಂದ.